ಗೆದ್ದ ಮೇಲಿನ ಎರಡು ನಿಮಿಷ

ಗೆದ್ದವರು ಕುಣಿಯುತ್ತಾರೆ. ದೊಡ್ಡಕ್ಕ ಮಾತ್ರ ಬಾಗಿಲು ಹಾಕುತ್ತಾಳೆ.

ಆಟ ಗೊತ್ತಿಲ್ಲದವರಿಗಾಗಿ ಒಂದೆರಡು ಮಾತು ಹೇಳಿಬಿಡುತ್ತೇನೆ. ಫೋನಿನಲ್ಲಿ ಆಡುವ ಯುದ್ಧದಾಟವಿದು. ನೂರು ಮಂದಿ ವಿಮಾನದಿಂದ ಒಂದು ದ್ವೀಪಕ್ಕೆ ಹಾರುತ್ತಾರೆ, ಸಿಕ್ಕ ಬಂದೂಕು ಹಿಡಿದು ಒಬ್ಬರನ್ನೊಬ್ಬರು ಹೊಡೆಯುತ್ತಾರೆ, ಕೊನೆಗೆ ಯಾವ ತಂಡ ಉಳಿಯುತ್ತದೋ ಅದು ಗೆದ್ದಂತೆ. ಇಷ್ಟು ಬಹಳ ಜನಕ್ಕೆ ಗೊತ್ತು. ಗೆದ್ದ ಮೇಲೆ ಏನು ಎಂಬುದು ಗೆದ್ದವರಿಗಷ್ಟೇ ಗೊತ್ತು. ಆ ಖಾಲಿ ದ್ವೀಪದಲ್ಲಿ ಗೆದ್ದವರಿಗೆ ಎರಡು ನಿಮಿಷ ಸಿಗುತ್ತದೆ. ಆಗ ಗುಂಡು ತಗುಲಿದರೂ ಯಾರಿಗೂ ಏನೂ ಆಗುವುದಿಲ್ಲ. ಕೆಲವರು ಕುಣಿಯುತ್ತಾರೆ, ಕೆಲವರು ಆಕಾಶಕ್ಕೆ ಗುಂಡು ಹಾರಿಸುತ್ತಾರೆ, ಕೆಲವರು ಜೀಪನ್ನು ಸೀದಾ ಸಮುದ್ರಕ್ಕೆ ಇಳಿಸುತ್ತಾರೆ. ಪುರುಸೊತ್ತಿಲ್ಲದವರು ಹೊರಗೆ ಹೋಗುವ ಗುಂಡಿ ಒತ್ತಿ ಹೋಗಿಬಿಡುತ್ತಾರೆ. ಊರಿಗೆ ಊರೇ ಬಿಟ್ಟುಹೋದ ಮನೆಗಳ ಬಾಗಿಲುಗಳನ್ನು ಒಂದೊಂದಾಗಿ ಎಳೆದುಕೊಂಡು ಬರುವವಳು ದೊಡ್ಡಕ್ಕ ಒಬ್ಬಳೇ.

ಅದು ಅವಳ ಕಸುಬು. ನಲವತ್ತೆರಡು ಕೋಣೆಗಳ ಲಾಡ್ಜಿನಲ್ಲಿ ಕೋಣೆ ಶುಚಿ ಮಾಡುವವರ ಮೇಲ್ವಿಚಾರಣೆ ಅವಳದು. ಇಪ್ಪತ್ತಾರು ವರ್ಷದ ನೌಕರಿ. ಲಾಡ್ಜಿನವರೆಲ್ಲ ದೊಡ್ಡಕ್ಕ ಎಂದೇ ಕರೆಯುವುದು. ಮಾಲೀಕ ಅವಳಿಗಿಂತ ಹತ್ತು ವರ್ಷ ದೊಡ್ಡವನು, ಅವನೂ ಹಾಗೇ ಕರೆಯುತ್ತಾನೆ. ಕಾರಿಡಾರಿನ ಈ ತುದಿಯಲ್ಲಿ ನಿಂತರೆ ಆ ತುದಿಯ ಬಾಗಿಲು ಒಂದು ಬೆರಳು ತೆರೆದಿರುವುದು ಅವಳಿಗೆ ಕಾಣುತ್ತದೆ. ಹನ್ನೊಂದಕ್ಕೆ ಗಿರಾಕಿ ಕೋಣೆ ಬಿಟ್ಟರೆ ಹನ್ನೊಂದೂವರೆಗೆ ಅಲ್ಲಿ ಯಾರೂ ಮಲಗಿರಲೇ ಇಲ್ಲವೇನೋ ಎಂಬಂತೆ ಆಗಿರಬೇಕು. ಆ ಕೆಲಸದಲ್ಲಿ ಅವಳನ್ನು ಮೀರಿಸುವವರಿಲ್ಲ. ಅವಳ ಬಾಳಿಗೆ ಪೆಟ್ಟು ಬಿದ್ದದ್ದೂ ಅದೇ ಕೆಲಸದಿಂದ.

ಎರಡು ವರ್ಷದ ಹಿಂದೆ ದೊಡ್ಡಕ್ಕನ ಅಮ್ಮ ತೀರಿಕೊಂಡಳು. ದೊಡ್ಡಕ್ಕನ ತಮ್ಮ ಲಿಫ್ಟ್ ರಿಪೇರಿ ಮಾಡುವವನು. ಅಂತ್ಯಕ್ರಿಯೆ ಮುಗಿದ ಮೇಲೆ, ಅರ್ಧಕ್ಕೆ ಬಿಟ್ಟ ಕೆಲಸ ಒಪ್ಪಿಸಿ ಬರುತ್ತೇನೆಂದು ಎರಡು ದಿನಕ್ಕೆ ಹೋಗಿದ್ದ. ಮೂರನೆಯ ದಿನ ಬೆಳಿಗ್ಗೆ ದೊಡ್ಡಕ್ಕ ಅಮ್ಮನ ಕೋಣೆಗೆ ಕಾಲಿಟ್ಟಳು. ಕೈ ಸುಮ್ಮನಿದ್ದರೆ ಕುಸಿದು ಬೀಳುತ್ತಿದ್ದಳು, ಅದಕ್ಕೇ ಕೈಗೆ ಕೆಲಸ ಕೊಟ್ಟಳು. ಕೈಗೆ ಗೊತ್ತಿದ್ದದ್ದು ಒಂದೇ ಕೆಲಸ. ಹಾಸಿಗೆಯ ಬಟ್ಟೆ ಎಳೆದಳು, ಔಷಧಿ ಬಾಟಲಿ, ಚಪ್ಪಲಿ, ಹಳೆಯ ಪತ್ರಿಕೆ ಎಲ್ಲವನ್ನೂ ಮೂಟೆಗೆ ತುಂಬಿದಳು, ಫಿನಾಯಿಲ್ ಹಾಕಿ ನೆಲ ಒರೆಸಿದಳು, ಹೊಸ ಬಿಳಿ ಹಾಸು ಹಾಕಿ ನಾಲ್ಕೂ ಮೂಲೆ ಬಿಗಿಯಾಗಿ ಮಡಿಸಿದಳು.

ಸಂಜೆ ತಮ್ಮ ಬಂದ. ಅಮ್ಮನ ಕೋಣೆಯಲ್ಲಿ ಸ್ವಲ್ಪ ಹೊತ್ತು ಕೂತಿರೋಣ ಎಂದು ಬಂದವನು ಬಾಗಿಲಲ್ಲೇ ನಿಂತ.

"ಅಮ್ಮ ಏನು ಚೆಕ್ ಔಟ್ ಮಾಡಿದ್ಲಾ?" ಎಂದ. ಅಷ್ಟೇ. ಮೆಟ್ಟಿಲಿಳಿದು ಹೋದವನು ಆಮೇಲೆ ಅವಳೊಂದಿಗೆ ಮಾತೇ ಬಿಟ್ಟ.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುತ್ತಾರೆ. ದೊಡ್ಡಕ್ಕನ ಪಾಲಿಗೆ ಆಡದ ಮಾತೇ ಭಾರವಾಯಿತು. ಅವನ ಬೆನ್ನ ಹಿಂದೆಯೇ ಅವಳು ಬೀದಿಗೆ ಓಡಿ, ಕಸದ ಗಾಡಿಯವನಿಗಾಗಿ ಇಟ್ಟಿದ್ದ ಮೂಟೆಗೆ ಮೊಣಕೈವರೆಗೂ ಕೈ ಹಾಕಿ ನಾಲ್ಕು ವಸ್ತು ಹೆಕ್ಕಿ ತಂದಿದ್ದಳು. ಒಂದು ಕನ್ನಡಕ, ಒಂದು ಬಾಚಣಿಗೆ, ಪದಬಂಧ ಅರ್ಧ ತುಂಬಿದ್ದ ಒಂದು ಪುಸ್ತಕ, ಒಂದೇ ಒಂದು ಚಪ್ಪಲಿ. ಇನ್ನೊಂದು ಚಪ್ಪಲಿ ಸಿಗಲಿಲ್ಲ. ಇದನ್ನು ಹೇಳೋಣವೆಂದರೆ ತಮ್ಮ ಫೋನ್ ಎತ್ತಲಿಲ್ಲ. ಮೆಸೇಜ್ ನೋಡುತ್ತಿದ್ದ, ಉತ್ತರ ಕೊಡುತ್ತಿರಲಿಲ್ಲ. ಮನೆಗೆ ಹೋದರೆ ಅವನ ಹೆಂಡತಿ ಒಳಗೆ ಕರೆದು ಕೂರಿಸಿದಳು, ಅವನು ಮಹಡಿ ಹತ್ತಿ ನೀರಿನ ಟ್ಯಾಂಕ್ ರಿಪೇರಿ ಮಾಡತೊಡಗಿದ. ಕೆಡದ ಟ್ಯಾಂಕನ್ನು ಒಂದೂವರೆ ಗಂಟೆ ರಿಪೇರಿ ಮಾಡುವುದು ಸುಲಭವಲ್ಲ.

ದೊಡ್ಡಕ್ಕನ ಮಗಳು ಬುದ್ಧಿವಂತೆ. ಔಷಧಿ ಅಂಗಡಿಯಲ್ಲಿ ಬೆಳಗಿನ ಪಾಳಿ ಮುಗಿಸಿ ಒಂದೂವರೆಗೆ ಮನೆಗೆ ಬರುತ್ತಾಳೆ. ಅದೇ ಹೊತ್ತಿಗೆ ಮಾಮನಿಗೆ ಊಟದ ಬಿಡುವು. ಸೋದರಮಾವ, ಸೊಸೆ ಇಬ್ಬರೂ ಫೋನಿನಲ್ಲಿ ಆ ಯುದ್ಧದಾಟ ಆಡುತ್ತಿದ್ದರು. ಮಾಮನ ಸಿಟ್ಟು ಅಕ್ಕನ ಮೇಲಷ್ಟೇ. ಅಕ್ಕನ ಮಗಳ ಮೇಲೇನೂ ಇರಲಿಲ್ಲ.

"ಅಮ್ಮಾ, ನೀನೂ ಆಡು," ಎಂದಳು ಮಗಳು. "ಇವರು ನಮ್ಮ ಅಂಗಡಿಯವರು, ಮೈಕ್ ಕೆಟ್ಟಿದೆ ಅಂತ ಮಾಮಂಗೆ ಹೇಳ್ತೀನಿ. ಕೊನೇ ಪಕ್ಷ ಅವನ ದನಿ ಕೇಳ್ಬಹುದಲ್ಲ."

ನಲವತ್ತೆಂಟರ ಹೆಂಗಸು, ಬಂದೂಕು! ಆದರೂ ದನಿ ಕೇಳುವ ಆಸೆ ದೊಡ್ಡದು. ಮಗಳು ಅವಳಿಗೆ ಆಟದಲ್ಲಿ ಗುಂಡುಸೂಜಿ ಎಂದು ಹೆಸರಿಟ್ಟಳು. ಮಧ್ಯಾಹ್ನ ಕೋಣೆಗಳೆಲ್ಲ ಸಿದ್ಧವಾಗಿ, ಮೂರಕ್ಕೆ ಹೊಸ ಗಿರಾಕಿಗಳು ಬರುವ ತನಕ ಅವಳಿಗೆ ಒಂದೂವರೆ ಗಂಟೆ ಬಿಡುವು. ಹಾಸಿಗೆ ಬಟ್ಟೆ ಇಡುವ ಕೋಣೆಯಲ್ಲಿ, ಮಡಿಸಿದ ಹೊದಿಕೆಗಳ ಗಂಟಿನ ಮೇಲೆ ಕೂತು, ಕಿವಿಗೆ ಇಯರ್‌ಫೋನ್ ಸಿಕ್ಕಿಸಿಕೊಂಡು ಅವಳು ವಿಮಾನದಿಂದ ಹಾರತೊಡಗಿದಳು.

ಮೊದಲ ವಾರ ನೆಲ ಮುಟ್ಟುವಷ್ಟರಲ್ಲೇ ಸಾಯುತ್ತಿದ್ದಳು. ಒಂದು ಸಲ ಈಜು ಬಾರದೆಂದು ನೀರಿಗಿಳಿಯದೆ ದಡದಲ್ಲೇ ನಿಂತು ಸತ್ತಳು. ಆಟದಲ್ಲಿ ಎಲ್ಲರಿಗೂ ಈಜು ಬರುತ್ತದೆಂದು ಮಗಳು ಆಮೇಲೆ ಹೇಳಿದಳು. ಬಂದೂಕು ಅವಳಿಗೆ ಒಲಿಯಲೇ ಇಲ್ಲ. ಆದರೆ ಯಾವ ಮನೆಯ ಯಾವ ಮೂಲೆಯಲ್ಲಿ ಏನು ಬಿದ್ದಿದೆ ಎಂಬುದನ್ನು ಅವಳಷ್ಟು ಬೇಗ ಕಂಡುಹಿಡಿಯುವವರು ಆ ದ್ವೀಪದಲ್ಲಿರಲಿಲ್ಲ. ಬ್ಯಾಂಡೇಜು, ಔಷಧಿ ಪೆಟ್ಟಿಗೆ, ಹೆಲ್ಮೆಟ್ಟು ಎಲ್ಲ ಹೆಕ್ಕಿ ತಂದು ತಮ್ಮನ ಕಾಲ ಬುಡದಲ್ಲಿ ಹಾಕುತ್ತಿದ್ದಳು.

"ಗುಂಡುಸೂಜಿ ಬಂದ್ಮೇಲೆ ನಾನು ಸಾಯೋದೇ ಕಮ್ಮಿಯಾಯ್ತು ನೋಡು ಪುಟ್ಟಿ," ಎನ್ನುತ್ತಿದ್ದ ತಮ್ಮ. ಗಂಟಿನ ಮೇಲೆ ಕೂತ ದೊಡ್ಡಕ್ಕನಿಗೆ ಕಣ್ಣು ತುಂಬಿ ಪರದೆ ಕಾಣುತ್ತಿರಲಿಲ್ಲ, ಸತ್ತೇಹೋಗುತ್ತಿದ್ದಳು.

ಒಂದು ಬುಧವಾರ ಗೆದ್ದರು. ತಮ್ಮ ಹೋ ಎಂದು ಕೂಗಿದ, ಮಗಳು ಕುಣಿಯುವ ಗುಂಡಿ ಒತ್ತಿದಳು. ದೊಡ್ಡಕ್ಕನಿಗೆ ಏನು ಮಾಡಬೇಕೆಂದು ತೋಚಲಿಲ್ಲ. ಎದುರಿಗೆ ಒಂದು ಬೀದಿ, ಸಾಲು ಮನೆ, ಎಲ್ಲ ಬಾಗಿಲೂ ಹಾರುಹೊಡೆದಿವೆ. ಹುಟ್ಟುಗುಣ ಸುಟ್ಟರೂ ಹೋಗದು. ಒಂದನೇ ಮನೆಯ ಬಾಗಿಲು ಹಾಕಿದಳು, ಎರಡನೆಯದನ್ನು ಹಾಕಿದಳು.

"ಪುಟ್ಟೀ, ನಿಮ್ಮ ಗುಂಡುಸೂಜಿಗೆ ತಲೆ ಸರಿ ಇದೆಯಾ? ಊರೇ ಖಾಲಿ, ಇವರು ಬಾಗಿಲು ಹಾಕ್ತಾ ಹೊರಟಿದ್ದಾರೆ!" ತಮ್ಮ ಹೊಟ್ಟೆ ಹಿಡಿದುಕೊಂಡು ನಕ್ಕ. ಎರಡು ವರ್ಷದ ಮೇಲೆ ಅವಳು ಆ ನಗು ಕೇಳಿದ್ದಳು. ಮೂರನೇ ಬಾಗಿಲು ಹಾಕುವ ಹೊತ್ತಿಗೆ ನಗು ಸಟ್ಟನೆ ನಿಂತಿತು. ನೆಟ್‌ವರ್ಕ್ ಹೋಯಿತೆಂದುಕೊಂಡಳು.

ಆಮೇಲೆ ಇನ್ನೆರಡು ಸಲ ಗೆದ್ದರು. ಜೀಪನ್ನು ಸಮುದ್ರಕ್ಕಿಳಿಸುವ ಹುಚ್ಚಿದ್ದ ತಮ್ಮ ಆ ಎರಡು ಸಲವೂ ಬೀದಿಯ ನಡುವೆ ಸುಮ್ಮನೆ ನಿಂತಿದ್ದ. ಅವಳು ತನ್ನ ಪಾಡಿಗೆ ಬಾಗಿಲು ಹಾಕುತ್ತ ಹೋದಳು.

ಹೀಗೆ ನಾಲ್ಕು ತಿಂಗಳು ಕಳೆಯಿತು. ಒಂದು ಗುರುವಾರ ತಮ್ಮ ಹೇಳಿದ: "ಸೋಮವಾರದಿಂದ ಹೊಸ ಕಟ್ಟಡ ಕಣಮ್ಮ. ಅಲ್ಲಿ ಒಳಗೆ ಫೋನ್ ಬಿಡಲ್ವಂತೆ. ನಾಳೆಗೆ ನಮ್ಮ ಆಟ ಮುಗೀತು."

ಆ ಸಂಜೆ ಮಗಳು ಅಮ್ಮನ ಎದುರು ಕೂತಳು. "ನಾಳೆ ಹೇಳ್ಬಿಡು."

"ನನ್ನ ದನಿ ಕೇಳಿದ್ರೆ ಹೊರಟುಹೋಗ್ತಾನೆ ಕಣೇ."

"ಆಡೋವಾಗ ಹೇಳ್ಬೇಡ. ಗೆದ್ರೆ ಎರಡು ನಿಮಿಷ ಇರುತ್ತಲ್ಲ, ಆಗ ಹೇಳು. ಗೆದ್ದ ಖುಷೀಲಿ ಇರ್ತಾನೆ. ಒಂದು ನಿಮಿಷ ಆದ್ರೂ ಕೇಳ್ತಾನೆ."

ಗೆಲ್ಲುವುದೇನು ಬಾಯಿ ಮಾತೇ? ಶುಕ್ರವಾರ ಮೊದಲ ಆಟದಲ್ಲಿ ಸೋತರು. ಎರಡನೆಯದರಲ್ಲೂ ಸೋತರು. ಎರಡೂಕಾಲು ಆಗಿತ್ತು. "ಇದೊಂದೇ, ಆಮೇಲೆ ನಾನು ಕೆಲಸಕ್ಕೆ," ಎಂದ ತಮ್ಮ. ಮೂರನೆಯ ಆಟದಲ್ಲಿ ಕೊನೆಗೆ ಉಳಿದದ್ದು ಇವರು ಮೂವರು, ಎದುರಾಳಿ ಒಬ್ಬ. ಮಹಡಿ ಮನೆಯೊಂದರ ಮೇಲೆ ಮೂರು ಕೋಣೆ. ಇವರು ಆಗಲೇ ಅಲ್ಲಿ ಒಮ್ಮೆ ಹುಡುಕಾಡಿ ಹೋಗಿದ್ದರು. ತಮ್ಮನಿಗೆ ಗುಂಡು ತಗುಲಿ ಜೀವ ಕೂದಲೆಳೆಯಷ್ಟು ಉಳಿದಿತ್ತು.

"ಆ ಕೊನೇ ಕೋಣೆಗೆ ಹೋಗಿ ಬ್ಯಾಂಡೇಜ್ ಸುತ್ಕೋತೀನಿ. ಆ ಮನುಷ್ಯ ಹೊರಗೆಲ್ಲೋ ಇದ್ದಾನೆ," ಎನ್ನುತ್ತ ಅವನು ಬಾಗಿಲ ಹತ್ತಿರ ಹೋದ.

ದೊಡ್ಡಕ್ಕ ಆ ಬಾಗಿಲನ್ನು ನೋಡಿದಳು. ಅದು ಮುಚ್ಚಿತ್ತು. ಆಗ ಬಂದಾಗ ತೆರೆದಿತ್ತು. ಇವರು ಮೂವರಲ್ಲಿ ಯಾರೂ ಅದನ್ನು ಮುಟ್ಟಿಲ್ಲ. ಕಾರಿಡಾರು ನೋಡಿ ನೋಡಿ ಸವೆದ ಕಣ್ಣು ಅವು, ಸುಳ್ಳು ಹೇಳುವುದಿಲ್ಲ. ಮೈಕ್ ತೆರೆದರೆ ಗೆಲ್ಲುವ ಮುಂಚೆಯೇ ಗುಟ್ಟು ರಟ್ಟು. ತೆರೆಯದಿದ್ದರೆ ತಮ್ಮ ಸಾಯುತ್ತಾನೆ. ಆಟದ ಸಾವೇ ಇರಬಹುದು, ಅವಳ ಬೆರಳಿಗೆ ಅದೆಲ್ಲ ಗೊತ್ತಾಗಲಿಲ್ಲ.

"ಲೋ, ತೆರೀಬೇಡ್ವೋ! ಆ ಬಾಗಿಲು ಆಗ ತೆರೆದಿತ್ತು. ಒಳಗೆ ಯಾರೋ ಇದ್ದಾರೆ!"

ತಮ್ಮ ನಿಂತ. ಮರುಗಳಿಗೆ ಅವನು ಎರಡು ಹೆಜ್ಜೆ ಹಿಂದೆ ಸರಿದು, ಮುಚ್ಚಿದ ಬಾಗಿಲ ಮೇಲೇ ಇದ್ದಬದ್ದ ಗುಂಡನ್ನೆಲ್ಲ ಸುರಿದ. ಪರದೆಯ ಮೇಲೆ ಬಂಗಾರದ ಅಕ್ಷರ ಬಂತು. ಗೆದ್ದಿದ್ದರು. ಮೂಲೆಯಲ್ಲಿ ಎರಡು ನಿಮಿಷದ ಗಡಿಯಾರ ಹಿಮ್ಮುಖವಾಗಿ ಓಡತೊಡಗಿತು.

ಯಾರೂ ಕೂಗಲಿಲ್ಲ, ಕುಣಿಯಲಿಲ್ಲ. "ನಂಗೆ ಸ್ವಲ್ಪ ಕೆಲ್ಸ ಇದೆ," ಎಂದು ಮಗಳು ಆಟದಿಂದ ಹೊರಗೆ ಹೋದಳು. ಮಹಡಿಯ ಮೇಲೆ ಅಕ್ಕ, ತಮ್ಮ ಇಬ್ಬರೇ. ತಮ್ಮ ತಿರುಗಿ ಬಂದು, ಆಟದಲ್ಲಿ ಆಯುಧವಾಗಿ ಸಿಗುವ, ಬೆನ್ನಿಗಿದ್ದ ಬಾಣಲೆ ತೆಗೆದು ಅವಳ ತಲೆಗೆ ಠಣ್ ಎಂದು ಒಂದು ಬಾರಿಸಿದ. ಗೆದ್ದ ಮೇಲೆ ಯಾರಿಗೂ ಏನೂ ಆಗುವುದಿಲ್ಲವಲ್ಲ, ಅವಳಿಗೂ ಆಗಲಿಲ್ಲ.

"ಇದು ಎರಡು ವರ್ಷದ್ದು," ಎಂದ.

"ಹೊಡಿ. ಇನ್ನೊಂದು ಹೊಡಿ. ಹೋಗ್ಬೇಡ ಅಷ್ಟೇ."

"ನಂಗೆ ಆ ಬುಧವಾರಾನೇ ಗೊತ್ತಾಯ್ತು. ಗೆದ್ದ ಮೇಲೆ ಬಾಗಿಲು ಹಾಕೋರು ಲೋಕದಲ್ಲಿ ಇನ್ಯಾರಿದ್ದಾರೆ?"

"ಮತ್ತೆ ಯಾಕೆ ಸುಮ್ನಿದ್ದೆ?"

"ನೀನ್ಯಾಕೆ ಸುಮ್ನಿದ್ದೆ?"

ಒಂದು ನಿಮಿಷ ಹತ್ತು ಸೆಕೆಂಡು ಉಳಿದಿತ್ತು. ದೊಡ್ಡಕ್ಕ ಒಂದೇ ಉಸಿರಿಗೆ ಹೇಳಿದಳು. "ನಾನು ಅಮ್ಮನ ಕೋಣೆ ಗುಡಿಸಿದ್ದು ತಪ್ಪು ಕಣೋ. ನಿನ್ನ ಬಿಟ್ಟು ಮಾಡಬಾರದಿತ್ತು. ಆದ್ರೆ ಎಲ್ಲಾ ಹೋಗಿಲ್ಲ. ಕನ್ನಡಕ ಇದೆ, ಬಾಚಣಿಗೆ ಇದೆ, ಪದಬಂಧದ ಪುಸ್ತಕ ಇದೆ, ಒಂದು ಚಪ್ಪಲಿ ಇದೆ. ಲಾಡ್ಜಲ್ಲಿ ಗಿರಾಕಿಗಳು ಮರೆತು ಹೋದ ವಸ್ತು ಇಡೋ ಕಪಾಟಲ್ಲಿ ಇಟ್ಟಿದೀನಿ. ಚೀಟಿ ಕಟ್ಟಿದೀನಿ. ಮೂರು ತಿಂಗಳು ಯಾರೂ ಕೇಳದೇ ಇದ್ರೆ ಬಿಸಾಕ್ಬೇಕು ಅಂತ ರೂಲು. ಅದಕ್ಕೆ ಮೂರು ಮೂರು ತಿಂಗಳಿಗೆ ಹೊಸ ಚೀಟಿ ಬರೀತಾ ಇದೀನಿ."

"ಚೀಟೀಲಿ ಏನಂತ ಬರ್ದಿದೀಯ?"

"ಗಿರಾಕಿ ಹೆಸರು ಅಮ್ಮ. ಕೋಣೆ ನಂಬರ್ ಜಾಗದಲ್ಲಿ ಮನೆ. ಯಾರಿಗೆ ಕೊಡಬೇಕು ಅನ್ನೋ ಕಡೆ..."

ಪರದೆ ಕಪ್ಪಾಯಿತು. ಎರಡು ನಿಮಿಷ ಮುಗಿದಿತ್ತು. ಆಟ ಇಬ್ಬರನ್ನೂ ಹೊರಗೆ ಹಾಕಿತ್ತು.

ಅವನು ಕರೆ ಮಾಡಲಿಲ್ಲ. ಇವಳಿಗೂ ಮಾಡುವ ಧೈರ್ಯ ಬರಲಿಲ್ಲ. ಮೂರಕ್ಕೆ ಗಿರಾಕಿಗಳು ಬಂದರು, ಹದಿನೇಳನೇ ಕೋಣೆಗೆ ಹೆಚ್ಚಿನ ದಿಂಬು ಬೇಕಾಯಿತು, ಎರಡನೇ ಮಹಡಿಯಲ್ಲಿ ನಲ್ಲಿ ಸೋರಿತು. ದೊಡ್ಡಕ್ಕ ಎಲ್ಲವನ್ನೂ ನೋಡಿಕೊಂಡಳು. ಏನು ನೋಡಿದಳೆಂದು ಕೇಳಿದ್ದರೆ ಅವಳಿಗೇ ಗೊತ್ತಿರಲಿಲ್ಲ.

ಐದೂವರೆಗೆ ಕೌಂಟರಿನ ಗಂಟೆ ಸದ್ದಾಯಿತು. ಗ್ರೀಸು ಮೆತ್ತಿದ ಅಂಗಿ, ಹೆಗಲಲ್ಲಿ ಸಾಮಾನಿನ ಚೀಲ, ಕೂದಲು ಎರಡು ವರ್ಷಕ್ಕಿಂತ ಜಾಸ್ತಿಯೇ ನರೆತಿದೆ.

"ಒಂದು ವಸ್ತು ಇಲ್ಲಿ ಬಿಟ್ಟುಹೋಗಿದೆಯಂತೆ," ಎಂದ ತಮ್ಮ, ಗೋಡೆ ನೋಡುತ್ತ.

ದೊಡ್ಡಕ್ಕ ಕಪಾಟು ತೆರೆದಳು. ಕೆಳಗಿನ ಅರೆಯಿಂದ ಬಟ್ಟೆ ಚೀಲ ತೆಗೆದು ಮುಂದಿಟ್ಟಳು. ಅದರ ಕೊರಳಿಗೆ ಒಂದರ ಮೇಲೊಂದು ಎಂಟು ಚೀಟಿ ಕಟ್ಟಿದ್ದವು. ತಮ್ಮ ಒಂದೊಂದನ್ನೂ ಓದಿದ. ತಾರೀಖು ಬೇರೆ, ಉಳಿದದ್ದೆಲ್ಲ ಒಂದೇ. ಯಾರಿಗೆ ಕೊಡಬೇಕು ಎಂಬ ಕಡೆ ಎಂಟರಲ್ಲೂ ಬರೆದಿತ್ತು: ನನ್ನ ತಮ್ಮನಿಗೆ, ಅವನು ಬಂದು ಕೇಳಿದಾಗ.

ಅವನು ಮೂಗು ಒರೆಸಿಕೊಂಡ. ಗ್ರೀಸು ಮೂಗಿಗೂ ಮೆತ್ತಿತು. "ಸಹಿ ಎಲ್ಲಿ ಹಾಕ್ಬೇಕು?"

"ಇಲ್ಲಿ," ಎಂದು ತೋರಿಸಿದಳು. ರೂಲು ರೂಲೇ.

ಅವನು ಸಹಿ ಹಾಕಿದ. ಕನ್ನಡಕ, ಬಾಚಣಿಗೆ, ಪದಬಂಧದ ಪುಸ್ತಕ ಮೂರನ್ನೂ ತನ್ನ ಸಾಮಾನಿನ ಚೀಲದೊಳಗೆ ಬಟ್ಟೆ ಸುತ್ತಿ ಇಟ್ಟುಕೊಂಡ. ಚಪ್ಪಲಿಯನ್ನು ಸ್ವಲ್ಪ ಹೊತ್ತು ಕೈಯಲ್ಲಿ ಹಿಡಿದಿದ್ದು ಕೌಂಟರಿನ ಮೇಲೆ ಇಟ್ಟ.

"ಇದು ಇಲ್ಲೇ ಇರ್ಲಿ ಅಕ್ಕ."

"ಯಾಕೋ?"

"ಮೂರು ತಿಂಗಳು ಇಡ್ತೀರಲ್ಲ? ಬಂದು ಕೇಳ್ತೀನಿ. ಆಗ್ಲೂ ತಗೊಂಡು ಹೋಗಲ್ಲ. ಹೊಸ ಚೀಟಿ ಬರಿ."

ದೊಡ್ಡಕ್ಕ ಒಂಬತ್ತನೆಯ ಚೀಟಿ ತೆಗೆದುಕೊಂಡು ಆ ದಿನದ ತಾರೀಖು ಬರೆದಳು.