ಏಳನೇ ನಿಯಮ ಮುರಿದ ದಿನ

ಅವಳಿಗೆ ‘ಯಾಕಮ್ಮ’ ಎಂದು ಹೆಸರಿಟ್ಟವರು ಅವಳ ಅಪ್ಪ. ಮಾತು ಬಂದ ದಿನದಿಂದ ಕಂಡದ್ದಕ್ಕೆಲ್ಲ ಯಾಕೆ, ಯಾಕೆ ಎಂದು ಕೇಳಿ ಮನೆಮಂದಿಯ ತಲೆ ತಿಂದವಳು. ರೈಲು ಯಾಕೆ ಕೂಗುತ್ತದೆ, ಗೇಟಿಗೆ ಯಾಕೆ ಕೆಂಪು ಬಣ್ಣ, ಕಂಬಕ್ಕೆ ಯಾಕೆ ನಂಬರು. ಅಪ್ಪ ರೈಲ್ವೆ ಗೇಟು ಕಾಯುತ್ತಿದ್ದರು. ಒಂದು ರೈಲು ಹೋಗಿ ಇನ್ನೊಂದು ಬರುವವರೆಗೆ ಬೇಸರವಿಲ್ಲದೆ ಉತ್ತರ ಹೇಳುತ್ತಿದ್ದರು. ಇಷ್ಟು ಕೇಳಿದವಳು ಜೀವಮಾನದಲ್ಲಿ ಕೇಳದೆ ಬಿಟ್ಟ ‘ಯಾಕೆ’ ಒಂದೇ ಒಂದು.

ಅವಳಿಗೆ ಹನ್ನೊಂದು ವರ್ಷವಾಗಿದ್ದಾಗ ಒಂದು ಮಧ್ಯಾಹ್ನ ಅಪ್ಪ ಅನುಮತಿ ಚೀಟಿ ಇಲ್ಲದೆ ಗೇಟು ತೆಗೆದರು. ಯಾರಿಗೂ ಏನೂ ಆಗಲಿಲ್ಲ. ಆದರೆ ತಪಾಸಣೆಗೆ ಬಂದಿದ್ದ ಇನ್ಸ್‌ಪೆಕ್ಟರ್ ಕಣ್ಣಿಗೆ ಬಿತ್ತು. ವಿಚಾರಣೆ ನಡೆದು, ಏಳನೇ ನಿಯಮ ಮುರಿದಿದ್ದಾರೆ ಎಂಬ ತೀರ್ಪನ್ನು ನಾಲ್ಕು ಜನರ ಮುಂದೆ ಜೋರಾಗಿ ಓದಿದರು. ಅಪ್ಪನನ್ನು ಗೋದಾಮಿಗೆ ಹಾಕಿದರು. ಚೀಟಿ ಇಲ್ಲದೆ ಗೇಟು ತೆಗೆದ ಮನುಷ್ಯ ನಿವೃತ್ತಿಯಾಗುವವರೆಗೆ ಮೂಟೆಗಳಿಗೆ ಚೀಟಿ ಅಂಟಿಸಿದರು! ಮನೆಯಲ್ಲಿ ಆ ವಿಷಯಕ್ಕೆ ಯಾರೂ ತುಟಿ ಪಿಟಕ್ಕೆನ್ನಲಿಲ್ಲ. ಯಾಕಮ್ಮನೂ ಕೇಳಲಿಲ್ಲ. ಅಪ್ಪ ಉದಾಸೀನ ಮಾಡಿದರು, ತಪ್ಪು ಮಾಡಿದರು ಎಂದು ತನ್ನಷ್ಟಕ್ಕೆ ತೀರ್ಮಾನಿಸಿ ಆ ಮಾತನ್ನು ಹೊಟ್ಟೆಗೆ ಹಾಕಿಕೊಂಡಳು.

ಈಗ ಅವಳು ತರ್ಕ ಮಾಡುವ ಯಂತ್ರಗಳ ಸಂಶೋಧಕಿ. ನಿಯಮಗಳನ್ನೂ ನಡೆದ ಸಂಗತಿಗಳನ್ನೂ ಕೊಟ್ಟು ‘ಇದು ನಿಜವೇ?’ ಎಂದು ಕೇಳಿದರೆ, ಹೆಜ್ಜೆ ಮೇಲೆ ಹೆಜ್ಜೆ ಇಟ್ಟು ಸಾಧಿಸಿ ತೋರಿಸುವ ಪ್ರೋಗ್ರಾಮು ಅವಳದು. ಮೂರನೇ ಮಹಡಿಯಲ್ಲಿ, ಪೂರ್ತಿ ಮುಚ್ಚದ ಕಿಟಕಿಯ ಒಂದು ಕೋಣೆ, ಎರಡು ಮೇಜು. ಎದುರು ಮೇಜಿನವರು ಹಿಂದೆ ಶಾಲೆಯಲ್ಲಿ ಗಣಿತ ಹೇಳಿಕೊಡುತ್ತಿದ್ದವರಾದ್ದರಿಂದ ಎಲ್ಲರಿಗೂ ಮೇಷ್ಟ್ರು.

ಗೇಟುಗಳನ್ನೆಲ್ಲ ಗಣಕಕ್ಕೆ ಒಪ್ಪಿಸಬೇಕೆಂದು ಹೊರಟ ರೈಲ್ವೆ ಇಲಾಖೆ, ತನ್ನ ಹಳೆಯ ನಿಯಮಪುಸ್ತಕ ಸರಿಯಿದೆಯೇ ನೋಡಿ ಎಂದು ಇವರಿಗೆ ಕಳಿಸಿತ್ತು. ನೂರ ಎಂಬತ್ತನಾಲ್ಕು ನಿಯಮ. ಒಂದೊಂದು ಕಾಲದಲ್ಲಿ ಒಬ್ಬೊಬ್ಬ ಅಧಿಕಾರಿ ತನಗೆ ತೋಚಿದಂತೆ ಸೇರಿಸಿದ್ದು. ಅವನ್ನು ತರ್ಕದ ಭಾಷೆಗೆ ತರಲು ಯಾಕಮ್ಮನಿಗೆ ನಾಲ್ಕು ತಿಂಗಳು ಹಿಡಿಯಿತು. ಅಪ್ಪನಿಗೆ ಅವಳು ಇದರ ಸುದ್ದಿಯನ್ನೇ ಎತ್ತಲಿಲ್ಲ.

ಕೆಲಸ ಮುಗಿದ ದಿನ ಮೇಷ್ಟ್ರು ಊಟಕ್ಕೆ ಎದ್ದುಹೋದದ್ದೇ ತಡ, ಅವಳ ಕೈ ಸುಮ್ಮನಿರಲಿಲ್ಲ. ಅಪ್ಪ ಗೇಟು ತೆಗೆದ ಆ ಮಧ್ಯಾಹ್ನದ ಬಗ್ಗೆ, ತೀರ್ಪು ಓದುವಾಗ ಕೇಳಿದ್ದ ಸಂಗತಿಗಳನ್ನು ಯಂತ್ರಕ್ಕೆ ಕೊಟ್ಟಳು: ಫೋನು ಸತ್ತಿತ್ತು, ಗೇಟು ಮುಚ್ಚಿತ್ತು, ಚೀಟಿ ಬರೆಯುವ ಕ್ಯಾಬಿನ್ನಿನ ರಸ್ತೆ ಗೇಟಿನ ಆಚೆ ಬದಿಗಿತ್ತು. ಆಮೇಲೆ ಕೇಳಿದಳು: ‘ಗೇಟು ತೆಗೆದದ್ದು ತಪ್ಪೇ?’

‘ಹೌದು. ಸಾಧಿಸಲಾಗಿದೆ.’

ಗೊತ್ತಿದ್ದದ್ದೇ. ಆದರೂ ಇಲ್ಲ ಎಂಬ ಉತ್ತರಕ್ಕಾಗಿ ಇಷ್ಟು ವರ್ಷ ಒಳಗೊಳಗೇ ಆಸೆಪಟ್ಟಿದ್ದೆ ಎಂಬುದು ಅವಳಿಗೆ ಆಗಲೇ ತಿಳಿದದ್ದು.

ಊಟ ಮುಗಿಸಿ ಬಂದ ಮೇಷ್ಟ್ರು ಅವಳ ಮುಖ ನೋಡಿದರು. “ಏನಾಯ್ತು?”

“ಏನಿಲ್ಲ ಮೇಷ್ಟ್ರೆ. ಒಂದು ಪ್ರಶ್ನೆ ಕೇಳ್ದೆ, ತಕ್ಷಣ ಉತ್ತರ ಬಂತು.” ಹಾಗೆಂದವಳೇ ತನ್ನ ಮಾತಿಗೆ ತಾನೇ ತಡೆದು ನಿಂತಳು. “ತಕ್ಷಣ ಯಾಕೆ ಬಂತು? ಇಷ್ಟು ನಿಯಮ ಇಟ್ಕೊಂಡು ಕಾಲು ಗಂಟೆಯಾದ್ರೂ ಒದ್ದಾಡ್ಬೇಕಿತ್ತಲ್ಲ?”

“ಉಲ್ಟಾ ಕೇಳಿ ನೋಡು.”

ಕೇಳಿದಳು: ‘ಗೇಟು ತೆಗೆದದ್ದು ತಪ್ಪಲ್ಲವೇ?’

‘ತಪ್ಪಲ್ಲ. ಸಾಧಿಸಲಾಗಿದೆ.’

ಇಬ್ಬರೂ ಮುಖ ಮುಖ ನೋಡಿಕೊಂಡರು. ಯಾಕಮ್ಮನ ಕಣ್ಣಲ್ಲಿ ಹಳೆಯ ಹುಡುಗಿ ಎದ್ದು ಕೂತಿದ್ದಳು. ಮೂರನೇ ಪ್ರಶ್ನೆ ಬರೆದಳು: ‘ಮೇಷ್ಟ್ರು ಕುಂಬಳಕಾಯಿಯೇ?’

‘ಹೌದು. ಸಾಧಿಸಲಾಗಿದೆ.’

“ನನ್ನ ಹೆಂಡ್ತಿಗೆ ಹೇಳ್ಬೇಡ, ಅವಳಿಗೆ ಮೊದ್ಲಿಂದ ಅನುಮಾನ ಇದೆ,” ಎಂದು ಮೇಷ್ಟ್ರು ಹೊಟ್ಟೆ ಸವರಿಕೊಂಡು ನಕ್ಕರು. ಆಮೇಲೆ ಕುರ್ಚಿ ಎಳೆದುಕೊಂಡು ಅವಳ ಪಕ್ಕ ಕೂತರು. ಏನಾಗಿದೆ ಎಂದು ಇಬ್ಬರಿಗೂ ಗೊತ್ತಾಗಿತ್ತು. ಒಂದು ಮಾತನ್ನೂ ಅದಕ್ಕೆ ತದ್ವಿರುದ್ಧವಾದ ಮಾತನ್ನೂ ಒಟ್ಟಿಗೆ ಒಪ್ಪಿಕೊಂಡರೆ ತರ್ಕಕ್ಕೆ ಲಗಾಮಿಲ್ಲ; ಆಮೇಲೆ ಏನು ಕೇಳಿದರೂ ಹೌದೆನ್ನುತ್ತದೆ. ಆ ನೂರ ಎಂಬತ್ತನಾಲ್ಕರಲ್ಲಿ ಎಲ್ಲೋ ನಿಯಮಗಳೇ ಜಗಳಕ್ಕೆ ಬಿದ್ದಿದ್ದವು.

ಎಲ್ಲಿ? ಒಂದೊಂದೇ ನಿಯಮವನ್ನು ಪಕ್ಕಕ್ಕಿಟ್ಟು, ಜಗಳ ನಿಂತಿತೇ ಎಂದು ನೋಡುತ್ತ ಹೋದರು. ನಿಲ್ಲದಿದ್ದರೆ ಅದು ನಿರಪರಾಧಿ, ಆಚೆಗೆ. ಕಿಟಕಿಯ ಬಿಸಿಲು ಮೇಜು ದಾಟಿ ಗೋಡೆ ಹತ್ತುವ ಹೊತ್ತಿಗೆ ನಾಲ್ಕೇ ಉಳಿದವು.

ಏಳು: ಫೋನು ಕೆಟ್ಟಿದ್ದರೆ, ಕ್ಯಾಬಿನ್ನಿನ ಚೀಟಿ ಕೈಗೆ ಬರುವ ತನಕ ಗೇಟು ತೆಗೆಯಕೂಡದು. ಮೂವತ್ತಮೂರು: ಇಪ್ಪತ್ತು ನಿಮಿಷಕ್ಕಿಂತ ಹೆಚ್ಚು ಹೊತ್ತು ಗೇಟು ಮುಚ್ಚಿರಕೂಡದು. ನಲವತ್ತು: ಮುಚ್ಚಿದ ಗೇಟನ್ನು ಯಾರೂ, ನೌಕರರೂ, ದಾಟಕೂಡದು. ಐವತ್ತೆರಡು: ಚೀಟಿ ತರುವವನು ಹಳಿಯ ಮೇಲೆ ನಡೆಯದೆ ರಸ್ತೆಯಲ್ಲೇ ಬರಬೇಕು.

ಯಾಕಮ್ಮ ಆ ನಾಲ್ಕು ಸಾಲುಗಳನ್ನು ಮತ್ತೆ ಮತ್ತೆ ಓದಿದಳು. ಗೇಟು ತೆಗೆಯದೆ ಚೀಟಿ ಬಾರದು. ಚೀಟಿ ಬಾರದೆ ಗೇಟು ತೆಗೆಯುವಂತಿಲ್ಲ. ತೆಗೆಯದೆ ಇರುವಂತೆಯೂ ಇಲ್ಲ. ಪುಸ್ತಕ ಬರೆದ ಅಷ್ಟೂ ಪುಣ್ಯಾತ್ಮರನ್ನು ಆ ಗೇಟಿನ ಮುಂದೆ ನಿಲ್ಲಿಸಿದ್ದರೂ ಒಬ್ಬನೂ ನಿಯಮ ಮುರಿಯದೆ ಪಾರಾಗುತ್ತಿರಲಿಲ್ಲ. ಅವಳು ಆ ನಾಲ್ಕು ನಿಯಮಗಳನ್ನೂ ಅವುಗಳ ಜಗಳವನ್ನೂ ಒಂದು ಕಾಗದದಲ್ಲಿ ಮುದ್ರಿಸಿಕೊಂಡು ಮನೆಗೆ ಹೊರಟಳು.

ಅಪ್ಪ ಒಣಗಿದ ಬಟ್ಟೆ ಮಡಚುತ್ತ ಕೂತಿದ್ದರು. ಕಾಗದವನ್ನು ಮೊದಲು ಕೊಡಬೇಕೆಂದೇ ಅವಳು ಬಂದಿದ್ದಳು. ಆದರೆ ಬಾಯಿಗೆ ಬಂದದ್ದು ಬೇರೆಯೇ.

“ಅಪ್ಪಾ, ಆವತ್ತು ಗೇಟು ಯಾಕೆ ತೆಗೆದ್ರಿ?”

ಅಪ್ಪನ ಕೈ ನಿಂತಿತು. ಯಾವತ್ತು ಎಂದು ಅವರು ಕೇಳಲಿಲ್ಲ.

“ಚೀಟಿ ತಗೊಳ್ಳೋಕಮ್ಮ.”

“ಅಂದ್ರೆ?”

“ಚೀಟಿಯವನು ಆಚೆ ಕಡೆ ನಿಂತಿದ್ದ. ಚೀಟಿ ಎತ್ತಿ ಹಿಡ್ಕೊಂಡು ‘ಅಣ್ಣಾ, ತಂದಿದೀನಿ’ ಅಂತ ಕೂಗ್ತಿದ್ದ. ದಾಟಿ ಬರೋ ಹಾಗಿಲ್ಲ, ನಾನು ಹೋಗೋ ಹಾಗಿಲ್ಲ. ನಡುವೆ ನಾಲ್ಕು ಜೊತೆ ಹಳಿ. ಮುಕ್ಕಾಲು ಗಂಟೆ ಇಬ್ರೂ ಹಾಗೇ ನಿಂತಿದ್ವಿ. ಗಾಡಿಗಳೆಲ್ಲ ಹಾರನ್ ಹೊಡೀತಿದ್ವು. ಕೊನೆಗೆ ಎರಡೂ ಕಡೆ ಕಣ್ಣು ಹಾಯೋವರೆಗೂ ನೋಡಿ, ತೆಗೆದು, ಚೀಟಿ ಇಸ್ಕೊಂಡೆ.”

“ಇದನ್ನ ವಿಚಾರಣೆಲಿ ಹೇಳ್ಲಿಲ್ವಾ?”

“ಚೀಟಿ ಇಲ್ಲದೆ ತೆಗೆದೆಯಾ ಅಂದ್ರು. ಹೌದು, ತೆಗೆದೆ ಅಂದೆ. ಯಾಕೆ ಅಂತ ಯಾರೂ ಕೇಳ್ಲಿಲ್ಲ.” ಅಪ್ಪ ಒಂದು ಅಂಗಿಯ ತೋಳನ್ನು ನೇರ ಮಾಡಿದರು. “ನೀನು ಕೇಳ್ತೀಯ ಅಂದ್ಕೊಂಡಿದ್ದೆ.”

ಆ ಮಾತಿನಲ್ಲಿ ಕೋಪವಿರಲಿಲ್ಲ. ಅದಕ್ಕೇ ಅವಳಿಗೆ ತಡೆಯಲಾಗಲಿಲ್ಲ. ಅತ್ತಳು. ಅಪ್ಪ ಅವಳ ಕೈಲಿದ್ದ ಕಾಗದ ಏನೆಂದು ಕೇಳಿದರು. ಕೊಟ್ಟಳು. ಕನ್ನಡಕ ಹಾಕಿಕೊಂಡು, ಪ್ರತಿ ಸಾಲಿನ ಕೆಳಗೂ ಬೆರಳಿಟ್ಟು ಓದಿದರು.

“ತೆಗೀದೆ ಇದ್ದಿದ್ರೂ ತಪ್ಪಾಗ್ತಿತ್ತಾ?”

“ಹೌದಪ್ಪಾ. ಏನು ಮಾಡಿದ್ರೂ.”

“ಯಂತ್ರ ಸರಿಯಾಗಿ ನೋಡಿದೆಯಾ?”

“ಯಂತ್ರನೂ ನೋಡಿದೆ, ನಾನೂ ನೋಡಿದೀನಿ.”

ಅಪ್ಪ ಕನ್ನಡಕ ತೆಗೆದು, ಅಂಗಿಯ ತುದಿಯಿಂದ ಒರೆಸಿ, ಕಾಗದವನ್ನು ಅವಳಿಗೆ ವಾಪಸು ಕೊಟ್ಟರು. ಮಡಚಿದ ಬಟ್ಟೆಗಳನ್ನು ಪಕ್ಕಕ್ಕೆ ಸರಿಸಿ ನೆಟ್ಟಗೆ ಕೂತರು.

“ಓದಮ್ಮ,” ಎಂದರು. “ಜೋರಾಗಿ ಓದು.”