ಎಡ ವಿಂಗಿನ ತಾಜುದ್ದೀನ್

ತಾಜುದ್ದೀನನಿಗೆ ಕಾರ್ಖಾನೆಯಲ್ಲಿ ನೌಕರಿ ಕೊಡಿಸಿದ್ದು ಅವನ ಎಡಗಾಲು. ಯಶವಂತಪುರದ ಖಾಲಿ ಮೈದಾನವೊಂದರಲ್ಲಿ ಅವನ ಆಟ ನೋಡಿದ ಕೋಚ್ ಜಯಸಿಂಹ, ಕಾರ್ಖಾನೆಯ ಫುಟ್‌ಬಾಲ್ ತಂಡಕ್ಕೆ ಆರಿಸಿ, ಸ್ಟೋರ್ಸ್ ವಿಭಾಗದಲ್ಲಿ ಕೆಲಸಕ್ಕೂ ಹಚ್ಚಿದ್ದರು. ಎಡಗಡೆಯಿಂದ ತಾಜು ಚೆಂಡು ಎತ್ತಿ ಕೊಡುವುದು, ಮಧ್ಯದಲ್ಲಿ ವೇಣುಗೋಪಾಲ ಹಾರಿ ತಲೆಯಿಂದ ಗೋಲಿಗೆ ನೂಕುವುದು. ಎಪ್ಪತ್ತರ ದಶಕದ ನಡುವೆ ಬೆಂಗಳೂರಿನ ಲೀಗಿನಲ್ಲಿ ಈ ಜೋಡಿ ಎಂದರೆ ಎದುರಾಳಿಗಳಿಗೆ ನಡುಕ. ಮೈದಾನದ ಹೊರಗೂ ಇಬ್ಬರೂ ಒಂದೇ ಸಿಗರೇಟನ್ನು ಹಂಚಿಕೊಂಡು ಸೇದುವಷ್ಟು ಹತ್ತಿರದವರು.

೧೯೭೭ರಲ್ಲಿ ಕೆಮ್ಮು ಶುರುವಾಯಿತು. ಧೂಳಿನ ಕೆಮ್ಮೆಂದು ತಾಜು ಆಡುತ್ತಲೇ ಹೋದ. ಒಂದು ಸಂಜೆ ಅಭ್ಯಾಸದ ನಡುವೆ ಬಗ್ಗಿ ಕೆಮ್ಮಿದಾಗ ಹುಲ್ಲಿನ ಮೇಲೆ ರಕ್ತ ಬಿತ್ತು. ಕ್ಷಯ ಎಂದರು.

ತಿಂಗಳುಗಟ್ಟಲೆ ಆಸ್ಪತ್ರೆ, ಮೈಯೆಲ್ಲ ಗಂಟು ಕಟ್ಟುವಷ್ಟು ಇಂಜೆಕ್ಷನ್. ವೇಣು ಒಮ್ಮೆ ಬಂದ. ವಾರ್ಡಿನ ಬಾಗಿಲಲ್ಲೇ ಕರ್ಚೀಫು ಮೂಗಿಗೆ ಹಿಡಿದು ನಿಂತು, ಸೇಬಿನ ಚೀಲವನ್ನು ನರ್ಸಿನ ಕೈಗೆ ಕೊಟ್ಟು ಹೋದ. ಹೆಂಡತಿ ತಾಹೆರಾ ಮಾತ್ರ ದಿನಾ ಬಂದು ಮಂಚದ ಮೇಲೇ ಕೂತು ಊಟ ಮಾಡಿಸುತ್ತಿದ್ದಳು.

ಮನೆಗೆ ಕಳಿಸುವಾಗ ಡಾಕ್ಟರು, "ಕಾಯಿಲೆ ವಾಸಿಯಾಗಿದೆ. ನಿಮ್ಮಿಂದ ಯಾರಿಗೂ ಹರಡಲ್ಲ. ಆದ್ರೆ ಫುಟ್‌ಬಾಲ್ ಮರೆತುಬಿಡಿ" ಎಂದರು.

ಅವನು ಮರೆಯಲಿಲ್ಲ. ಮೊದಮೊದಲು ರೈಲ್ವೆ ಗೇಟಿನ ತನಕ ನಡೆಯಲೂ ಎರಡು ಕಡೆ ಕೂರಬೇಕಾಗುತ್ತಿತ್ತು. ಮಳೆಗಾಲ ಮುಗಿಯುವ ಹೊತ್ತಿಗೆ ಹಳಿಗಳ ಪಕ್ಕದ ಕಾಲುದಾರಿಯಲ್ಲಿ ಚಿಕ್ಕಬಾಣಾವರದ ಕಡೆ ಓಡತೊಡಗಿದ್ದ. ಆಮೇಲೆ ಅಬ್ಬಿಗೆರೆಯ ಹೊಲಗಳನ್ನು ಬಳಸಿ ಬರುವ ಅಭ್ಯಾಸವಾಯಿತು. ಒಮ್ಮೊಮ್ಮೆ ಬದುವಿನ ಮೇಲೆ ವಾಂತಿ ಮಾಡಿಕೊಂಡು ಬೆವರುತ್ತ ಮನೆ ಸೇರುತ್ತಿದ್ದ.

"ಯಾರಿಗೋಸ್ಕರ ಹಿಂಗೆ ಸಾಯ್ತೀರಿ?" ಎಂದಳು ತಾಹೆರಾ.

"ಇನ್ನೂ ಸತ್ತಿಲ್ಲ ಅಂತ ಅವ್ರಿಗೆ ತೋರಿಸ್ಬೇಕು."

ಒಂದೂವರೆ ವರ್ಷದ ನಂತರ ಜಯಸಿಂಹ ಅವನನ್ನು ಮತ್ತೆ ತಂಡಕ್ಕೆ ಸೇರಿಸಿಕೊಂಡರು, ಬೆಂಚಿನ ಮೇಲೆ ಕೂರಿಸಲು. ೧೯೭೯ರಲ್ಲಿ ಬೆಂಗಳೂರಿನ ಒಂದು ಟೂರ್ನಮೆಂಟಿನ ಫೈನಲ್‌ನ ದಿನ ಎಡಗಡೆ ಅವನ ಜಾಗಕ್ಕೆ ಬಂದಿದ್ದ ಹೊಸ ವಿಂಗರ್‌ನ ಕಾಲು ಉಳುಕಿತು. ಬೇರೆ ದಾರಿಯಿಲ್ಲದೆ ತಾಜುವನ್ನು ಇಳಿಸಿದರು. ಆಟ ಮುಗಿಯುವ ಮುನ್ನ ಅವನಿಗೆ ಎಡಗಡೆ ಚೆಂಡು ಸಿಕ್ಕಿತು. ಇಬ್ಬರನ್ನು ದಾಟಿದ. "ಕೊಡೋ ಮಗಾ!" ಎಂದು ವೇಣು ಕೂಗುತ್ತಿದ್ದ. ತಾಜು ಕೊಡಲಿಲ್ಲ. ಎಡಗಾಲಿನಿಂದ ತಾನೇ ಹೊಡೆದ. ಚೆಂಡು ಬಲೆಗೆ ಬಡಿಯಿತು.

ಜನ ಎದ್ದು ನಿಂತು ಕೂಗಿದರು. ತಾಜು ಎರಡೂ ತೋಳು ಚಾಚಿ ತನ್ನವರ ಕಡೆ ಓಡಿದ. ಅವರೂ ಓಡಿ ಬಂದರು, ಬಂದು ಮಾರು ದೂರದಲ್ಲಿ ನಿಂತುಬಿಟ್ಟರು. ಯಾರೋ ಚಪ್ಪಾಳೆ ತಟ್ಟಿದರು. "ಸೂಪರ್ ಗುರು!" ಎಂದ ವೇಣು, ಅಲ್ಲಿಂದಲೇ. ತಾಜುವಿನ ತೋಳುಗಳು ಸ್ವಲ್ಪ ಹೊತ್ತು ಹಾಗೇ ಇದ್ದವು.

ಮರುವಾರ ತಂಡ ಕಲ್ಕತ್ತೆಯ ಟೂರ್ನಮೆಂಟಿಗೆ ಹೊರಡಬೇಕಿತ್ತು. ಜಯಸಿಂಹ ಅವನನ್ನು ಕ್ಯಾಂಟೀನಿನ ಹಿಂದಕ್ಕೆ ಕರೆದರು.

"ರೂಮಿಗೆ ಇಬ್ಬಿಬ್ರು ಕಣೋ. ನಿನ್ ಜೊತೆ ಇರೋಕೆ ಯಾರೂ ಒಪ್ತಿಲ್ಲ."

"ನನ್ನಿಂದ ಹರಡಲ್ಲ ಅಂತ ಡಾಕ್ಟ್ರು ಹೇಳಿದಾರಲ್ಲ ಸಾರ್."

"ನನಗ್ ಗೊತ್ತು. ಅವ್ರಿಗೆ ಯಾರ್ ಹೇಳ್ತಾರೆ?"

"ಹೋಗ್ಲಿ, ನಾನು ವರಾಂಡದಲ್ಲಿ ಮಲಗ್ತೀನಿ."

ಜಯಸಿಂಹ ಆಗುವುದಿಲ್ಲವೆಂದು ತಲೆಯಲ್ಲಾಡಿಸಿದರು.

"ವೇಣು ಏನಂದ ಸಾರ್?"

ಅವರು ಬೇರೆ ಕಡೆ ನೋಡಿದರು. "ಮೊದಲು ಬಂದು ಹೇಳಿದ್ದೇ ಅವ್ನು. ಮನೇಲಿ ಮಗು ಇದೆ ಅಂದ."

ತಂಡ ಹೊರಟಿತು. ತಾಜು ಸ್ಟೋರ್ಸ್‌ನಲ್ಲಿ ನಟ್ಟು ಬೋಲ್ಟು ಹಂಚುತ್ತ ಉಳಿದ. ಮುಂದೆ ಅವನನ್ನು ಬೆಂಚಿಗೂ ಕರೆಯಲಿಲ್ಲ.

ಕಲ್ಕತ್ತೆಯ ಎರಡನೇ ಪಂದ್ಯದಲ್ಲೇ ನಾಲ್ಕು ಗೋಲುಗಳಿಂದ ಸೋತರೆಂಬ ಸುದ್ದಿ ಕ್ಯಾಂಟೀನಿಗೆ ಬಂದಾಗ ಎಲ್ಲರೂ ಮುಖ ಸಪ್ಪಗೆ ಮಾಡಿಕೊಂಡರು. ತಾಜುವೂ ಮಾಡಿಕೊಂಡ. ಸಂಜೆ ಮನೆಗೆ ಹೋಗುವಾಗ ಒಂದು ಕೆ.ಜಿ. ಮಾಂಸ ಕೊಂಡ.

"ಇವತ್ತೇನು ವಿಶೇಷ?" ಎಂದಳು ತಾಹೆರಾ.

"ಸೋತ್ರು" ಎಂದ.

ಅವಳು ಅವನ ಮುಖ ನೋಡಿದಳು. ಆಮೇಲೆ ಮಸಾಲೆ ಅರೆಯಲು ಕೂತಳು. ಅವನು ಹೊಟ್ಟೆ ತುಂಬ ಉಂಡ.