ಹೊರಟಿದೆ ಎಂಬ ಮಾತಿಗೆ ಹೆದರುವವಳು

ಬಾಗಿಲು ತಟ್ಟಿದಾಗ ಒಳಗಿನಿಂದ ಯಾರೂ ಓಗೊಡದಿದ್ದರೆ ನಮಗೆಲ್ಲ ಭಯವಾಗುತ್ತದೆ. ಆಕೆಗೆ ಭಯವಾಗುವುದು ಓಗೊಟ್ಟಾಗ. "ಬಂದೇ" ಎಂಬ ದನಿ ಕೇಳಿದ್ದೇ ತಡ, ಹೊಸ್ತಿಲಿನಿಂದ ಒಂದು ಹೆಜ್ಜೆ ಹಿಂದೆ ಸರಿದು, "ಬಂದೆ ಅಂದೋರು ಯಾರು?" ಎಂದು ಕೇಳುತ್ತಾಳೆ. ಸ್ವಂತ ಅಣ್ಣನ ಮನೆಯಲ್ಲೂ ಇದೇ ವರಸೆ. ಅತ್ತಿಗೆ ಒಮ್ಮೆ ರೇಗಿ, "ನಿಮ್ಮಣ್ಣನ ಹೆಂಡತಿ ಕಣೇ, ಇದೇ ಬೀದಿಯ ಇದೇ ಮನೆಯ ಇದೇ ಅಡುಗೆಮನೇಲಿ ಬೇಯ್ತಾ ಇರೋಳು, ಸಾಕಾ?" ಎಂದಳಂತೆ. "ಹಾಂ, ಈಗ ಸರಿ" ಎಂದು ಈಕೆ ಚಪ್ಪಲಿ ಬಿಟ್ಟು ಒಳಗೆ ಹೋದಳಂತೆ.

ಆಕೆಗೆ ಪುಕ್ಕಲಕ್ಕ ಎಂದು ಹೆಸರಿಟ್ಟವರು ನಾವು. ನಾವು ಎಂದರೆ ಆಂಬುಲೆನ್ಸ್ ಚಾಲಕರ ಸಂಘದವರು. ಅದರ ಅಧ್ಯಕ್ಷಗಿರಿ ಎಂಬ ಕುಂಟು ಕುರ್ಚಿಯಲ್ಲಿ ಬಹುಕಾಲದಿಂದ ಕೂತವನು ನಾನು. ನಮ್ಮ ಕಟ್ಟಡದಲ್ಲಿ ನಮ್ಮ ವಿಶ್ರಾಂತಿ ಕೋಣೆ ಕೆಳಗೆ, ತುರ್ತು ಕರೆ ಸ್ವೀಕರಿಸುವ ಹೆಣ್ಣುಮಕ್ಕಳ ಕೋಣೆ ನಡುವಿನ ಮಹಡಿಯಲ್ಲಿ, ಆಕೆಯ ಕಂಪ್ಯೂಟರ್ ಯಂತ್ರಗಳ ಕೋಣೆ ಎಲ್ಲಕ್ಕಿಂತ ಮೇಲೆ. ಆಕೆ ಮೆಟ್ಟಿಲಿಳಿದು ಬರುವುದನ್ನು ನೋಡಬೇಕು: ಗೋಡೆಯನ್ನು ಬೆರಳ ತುದಿಯಿಂದ ಸವರಿಕೊಂಡು, ಪ್ರತಿ ತಿರುವಿನಲ್ಲೂ ನಿಂತು, ಬಿಟ್ಟುಬಂದ ಮೆಟ್ಟಿಲುಗಳು ಇನ್ನೂ ಅಲ್ಲೇ ಇವೆಯೇ ಎಂದು ಪರೀಕ್ಷಿಸುವವಳಂತೆ ಹಿಂತಿರುಗಿ ನೋಡುತ್ತ ಇಳಿಯುವ ಆ ನಡಿಗೆ ನಮ್ಮ ಹುಡುಗರಿಗೆ ಉಚಿತ ಮನರಂಜನೆಯಾಗಿತ್ತು. ಮೈಮೇಲೆ ಗಂಡನ ಹಳೆಯ ಕಂದು ಕೋಟು. ಅದರ ಭುಜ ಆಕೆಯ ಭುಜವನ್ನು ದಾಟಿ ಎಲ್ಲಿಗೋ ಹೊರಟಂತಿತ್ತು. ಯಂತ್ರದ ಕೋಣೆಯ ಚಳಿಗೆ ಅದು ಎನ್ನುತ್ತಿದ್ದಳು. ಕಡುಬೇಸಿಗೆಯ ಅಂಗಳದಲ್ಲೂ ಅದನ್ನು ಬಿಚ್ಚದೆ ನಿಂತದ್ದನ್ನು ಕಂಡ ಮೇಲೆ ನನಗೆ ತಿಳಿಯಿತು, ಬೇಕಾದದ್ದು ಕೋಟಲ್ಲ, ಅದರ ಜೇಬುಗಳು. ನಡುಗುವ ಕೈಗಳನ್ನು ಇಡಲು ಒಂದು ಜಾಗ ಬೇಕಲ್ಲ.

ಭಯವನ್ನು ನಾನೂ ಹತ್ತಿರದಿಂದ ಬಲ್ಲೆ. ಮೆರವಣಿಗೆಯ ಮುಂದಿನ ಸಾಲಿನಲ್ಲಿ ನಿಂತು ಚಡ್ಡಿಯಲ್ಲೇ ಉಚ್ಚೆ ಹೊಯ್ದುಕೊಂಡವರು ಮರುದಿನ ಶೌರ್ಯದ ಮೇಲೆ ಭಾಷಣ ಬಿಗಿದದ್ದನ್ನು ಕೇಳಿದ್ದೇನೆ. ಆದರೆ ಅದು ಬಂದು ಹೋಗುವ ಭಯ. ಲಾಠಿ ಬಿದ್ದ ಮೇಲೆ ನೋವು ಉಳಿಯುತ್ತದೆ, ಭಯ ಇಳಿಯುತ್ತದೆ. ಆಕೆಯ ಭಯ ದಿನನಿತ್ಯದ್ದು, ಸಂಬಳ ಸಹಿತವಾದದ್ದು.

ಆಕೆಯ ಕೆಲಸ ಏನೆಂದು ಒಮ್ಮೆ ಕೇಳಿದೆ. "ಹೆಸರು ಕಾಯೋದು ಅಣ್ಣಾ" ಎಂದಳು. ಕರೆ ಬಂದರೆ ಅದನ್ನು ಬರೆದುಕೊಳ್ಳುವುದು, ಹತ್ತಿರದ ಗಾಡಿ ಹುಡುಕುವುದು, ಚಾಲಕನ ಫೋನಿಗೆ ವಿಳಾಸ ಕಳಿಸುವುದು, ಇವೆಲ್ಲ ಹಿಂದೆ ಒಂದೇ ದೊಡ್ಡ ಪ್ರೋಗ್ರಾಂ ಮಾಡುತ್ತಿದ್ದ ಕೆಲಸಗಳು. ಈಗ ಒಂದೊಂದಕ್ಕೂ ಒಂದೊಂದು ಚಿಕ್ಕ ಪೆಟ್ಟಿಗೆ; ಕಂಟೇನರ್ ಎನ್ನುತ್ತಾರೆ. ಈ ಪೆಟ್ಟಿಗೆಗಳು ಅಲ್ಪಾಯುಷಿಗಳು. ಒಂದು ಸಾಯುತ್ತದೆ, ಅದರ ಜಾಗಕ್ಕೆ ಮತ್ತೊಂದು ಹುಟ್ಟುತ್ತದೆ, ಹುಟ್ಟಿದ್ದು ಹೊಸ ವಿಳಾಸದಲ್ಲಿ ಸಂಸಾರ ಹೂಡುತ್ತದೆ. ಹಾಗಾಗಿ ಯಾವ ಪೆಟ್ಟಿಗೆಯೂ ಇನ್ನೊಂದರ ವಿಳಾಸವನ್ನು ನೆನಪಿಟ್ಟುಕೊಳ್ಳುವುದಿಲ್ಲ. ಹೆಸರು ಹೇಳಿ, ಡಿಎನ್ಎಸ್ ಎಂಬ ಹೆಸರುಕಾವಲುಗಾರನನ್ನು ಕೇಳುತ್ತದೆ, ಅವನು ತೋರಿಸಿದ ಕಡೆ ಹೋಗುತ್ತದೆ. ಆ ಕಾವಲುಗಾರನಿಗೆ ಬುದ್ಧಿ ಹೇಳುವವಳು ಈಕೆ.

ನನಗೆ ಥಟ್ಟನೆ ಹೊಳೆದದ್ದು ಚಳವಳಿಯಲ್ಲಿ ನಾವು ತಲೆಮರೆಸಿಕೊಂಡಿದ್ದ ಕಾಲ. ನಾಯಕರು ದಿನಕ್ಕೊಂದು ಮನೆಯಲ್ಲಿ ಮಲಗುತ್ತಿದ್ದರು. ಇವತ್ತು ಎಲ್ಲಿ ಎಂಬುದು ಚಹಾದಂಗಡಿಯ ಮುದುಕಿಯೊಬ್ಬಳಿಗೆ ಮಾತ್ರ ಗೊತ್ತು. ಅವಳನ್ನು ಕೇಳದೆ, ನಿನ್ನೆ ಹೋದ ಮನೆಗೇ ಇವತ್ತೂ ಹೋದ ನಮ್ಮ ಕರಪತ್ರ ಅಚ್ಚು ಹಾಕುತ್ತಿದ್ದ ಪ್ರೆಸ್ಸಿನ ಮಾವನಿಗೆ ಒಳಗಿನಿಂದ ಆದರದ ದನಿಯೊಂದು "ಬನ್ನಿ ಬನ್ನಿ" ಎಂದಿತ್ತು. ಅದು ಪೊಲೀಸರ ದನಿ. ಈ ಕಥೆ ಹೇಳಿದಾಗ ಎಲ್ಲರೂ ನಗುತ್ತಾರೆ, ಮಾವನೂ ನಗುತ್ತಿದ್ದ. ಪುಕ್ಕಲಕ್ಕ ನಗಲಿಲ್ಲ. ಜೇಬಿನಲ್ಲಿ ಕೈ ಇನ್ನೂ ಆಳಕ್ಕೆ ಇಳಿಯಿತು. "ಅದೇ ಅಣ್ಣಾ, ಅದೇ. ಬಾಗಿಲು ಹಾಕಿದ್ದಿದ್ರೆ ಅವರು ವಾಪಸ್ ಬರ್ತಿದ್ರು" ಎಂದಳು.

ಆ ಕಟ್ಟಡದ ಮೇನೇಜರನಿಗೆ ನಮ್ಮ ಹುಡುಗರು ಇಟ್ಟ ಹೆಸರು ಆಗತ್ತೆ ಸಾಹೇಬ. ಯಾರು ಏನು ಹೇಳಿದರೂ "ಆಗತ್ತೆ ಬಿಡಿ" ಎನ್ನುವುದು ಅವನ ಆಡಳಿತ ಶಾಸ್ತ್ರದ ಆದಿ ಮತ್ತು ಅಂತ್ಯ. ಅವನೊಡನೆ ಈಕೆಗೆ ಒಂದೇ ಜಗಳ. ಪೆಟ್ಟಿಗೆಗಳು ಬೇರೆ ಬೇರೆ ವಠಾರಗಳಲ್ಲಿರುತ್ತವೆ, ಕರೆಯವರದೊಂದು, ಗಾಡಿಯವರದೊಂದು. ಕರೆ ಬರೆದುಕೊಳ್ಳುವ ಪೆಟ್ಟಿಗೆ ಗಾಡಿ ಕಳಿಸುವ ಪೆಟ್ಟಿಗೆಯನ್ನು "ರವಾನೆ" ಎಂದು ಅರ್ಧ ಹೆಸರು ಹಿಡಿದು ಕೂಗುತ್ತಿತ್ತು. ಕಾವಲುಗಾರ ಮೊದಲು ಅದರದೇ ವಠಾರದಲ್ಲಿ ಹುಡುಕಿ, ಅಲ್ಲಿ ಆ ಹೆಸರಿನವರು ಇಲ್ಲದ್ದರಿಂದ ಗಾಡಿಯ ವಠಾರಕ್ಕೆ ದಾರಿ ತೋರುತ್ತಿದ್ದ. ಹಿಂದಿನವರು ಹಾಗೆ ಹೊಂದಿಸಿ ಹೋಗಿದ್ದರು, ನಡೆಯುತ್ತಲೂ ಇತ್ತು. "ಹೆಸರು, ವಠಾರ, ಊರು, ಎಲ್ಲಾ ಸೇರಿಸಿ ಪೂರ್ತಿ ಕೂಗೋ ಹಾಗೆ ಮಾಡೋಣ ಸಾರ್. ನಾಳೆ ಅದೇ ಹೆಸರಿನ ಇನ್ನೊಬ್ಬ ಇದೇ ವಠಾರಕ್ಕೆ ಬಂದು ಕೂತ್ರೆ?" ಎಂದು ಈಕೆ ಗೋಗರೆಯುವುದು, "ಯಾರು ಬರ್ತಾರಮ್ಮ, ನಡೀತಿದೆಯಲ್ಲ, ಆಗತ್ತೆ ಬಿಡಿ" ಎಂದು ಅವನು ನಗುತ್ತ ಎದ್ದುಹೋಗುವುದು. ಅವನ ನಗುವಿನಲ್ಲಿ ನಾವೂ ಪಾಲುದಾರರಾಗಿದ್ದೆವು. ಹೆದರುವವರನ್ನು ಕಂಡು ನಗುವುದರಲ್ಲಿ ಮಾಲೀಕ ಕಾರ್ಮಿಕ ಎಂಬ ಭೇದವಿಲ್ಲ.

ಒಂದು ಮಧ್ಯಾಹ್ನ. ಅಂಗಳದಲ್ಲಿ ಗಾಡಿಗಳು ಸಾಲಾಗಿ ನಿಂತಿದ್ದವು. ಚಾಲಕರು ಕೇರಂ ಆಡುತ್ತಿದ್ದರು, ನಾನು ಬಿಸಿಲಿಗೆ ಮೈಯೊಡ್ಡಿ ಚಹಾ ಕುಡಿಯುತ್ತಿದ್ದೆ. ಊಟ ಅರ್ಧಕ್ಕೆ ಬಿಟ್ಟು ಓಡುವುದೇ ಜಾತಕವಾಗಿದ್ದ ಹುಡುಗರು ಅಂದು ಡಬ್ಬಿ ತೊಳೆದಿಟ್ಟು ಆಡುತ್ತಿದ್ದ ದೃಶ್ಯ ಕಣ್ಣಿಗೆ ತಂಪಾಗಿತ್ತು. ಪುಕ್ಕಲಕ್ಕ ಮೆಟ್ಟಿಲಿಳಿದು ಬಂದಳು, ಕೊನೆಯ ಮೆಟ್ಟಿಲಿನ ಮೇಲೆ ನಿಂತುಬಿಟ್ಟಳು.

"ಯಾಕೆ ಎಲ್ಲಾ ಇಲ್ಲೇ ಇದ್ದೀರಿ?"

ನಮ್ಮಲ್ಲಿ ಬಾಯಿಬಡುಕನಾದ ಮೀಸೆ ಚಾಲಕ ಸ್ಟ್ರೈಕರಿನಿಂದ ತಲೆಯೆತ್ತದೆ, "ಊರೆಲ್ಲಾ ಆರೋಗ್ಯವಾಗಿದೆ ಅಕ್ಕಾ, ನಿನಗೆ ಅದೂ ಹೆದರಿಕೇನಾ?" ಎಂದ. ಗೊಳ್ಳೆಂದು ನಕ್ಕರು.

"ಎಷ್ಟು ಹೊತ್ತಿಂದ?"

"ಊಟದ ಮುಂಚಿಂದ. ಕಣ್ಣು ಹಾಕ್ಬೇಡ ಮಾರಾಯ್ತಿ."

ಆಕೆ ಜೇಬಿನಿಂದ ಫೋನ್ ತೆಗೆದಳು. ನಮ್ಮ ತುರ್ತು ಸಂಖ್ಯೆಯನ್ನೇ ಒತ್ತಿ, ದನಿ ಎಲ್ಲರಿಗೂ ಕೇಳುವಂತೆ ಇಟ್ಟು, ಎದೆನೋವು ಎಂದು ಹೇಳಿ, ನಾವು ನಿಂತಿದ್ದ ಅದೇ ಅಂಗಳದ ವಿಳಾಸ ಕೊಟ್ಟಳು. ನಡುಮಹಡಿಯ ಹುಡುಗಿ ಪರದೆ ನೋಡಿ, ಬಲು ನಯವಾಗಿ ಹೇಳಿದಳು: "ಗಾಡಿ ಹೊರಟಿದೆ ಅಮ್ಮ. ಧೈರ್ಯವಾಗಿರಿ."

ಗಾಡಿಗಳೆಲ್ಲ ನಮ್ಮ ಕಣ್ಣೆದುರಿಗಿದ್ದವು. ಒಂದರ ಚಕ್ರವೂ ಅಲುಗಲಿಲ್ಲ, ಒಬ್ಬನ ಫೋನೂ ಸದ್ದು ಮಾಡಲಿಲ್ಲ. ಮೀಸೆ ಚಾಲಕನ ಕೈಯಿಂದ ಸ್ಟ್ರೈಕರ್ ಜಾರಿತು. ಊಟದ ಮುಂಚಿನಿಂದ ಈ ಊರಿನಲ್ಲಿ ಯಾರು ಯಾರಿಗೆ ಗಾಡಿ ಹೊರಟಿದೆ ಎಂದು ಹೇಳಲಾಗಿದೆ?

ಆದದ್ದು ಇಷ್ಟೇ. ಹೊಸದಾಗಿ ಸೇರಿದ ಹುಡುಗಿಯರಿಗೆ ತರಬೇತಿ ಕೊಡಲು ಆಗತ್ತೆ ಸಾಹೇಬ ಒಂದು ಸುಳ್ಳು ರವಾನೆ ಪೆಟ್ಟಿಗೆ ಮಾಡಿಸಿದ್ದ. ಯಾವ ವಿಳಾಸ ಕೊಟ್ಟರೂ "ಹೊರಟಿದೆ" ಎನ್ನುವುದಷ್ಟೇ ಅದರ ವಿದ್ಯೆ. ಅದಕ್ಕೆ ಬೇರೆ ವಠಾರ ಕಟ್ಟುವ ತಾಪತ್ರಯವೇಕೆಂದು, ಅಂದು ಬೆಳಿಗ್ಗೆ ಈಕೆಗೆ ಒಂದು ಮಾತೂ ಹೇಳದೆ, ಅದೇ "ರವಾನೆ" ಹೆಸರಿನಲ್ಲಿ ಕರೆಯವರ ವಠಾರದಲ್ಲೇ ಕೂರಿಸಿದ್ದ. ಕಾವಲುಗಾರ ಮೋಸ ಮಾಡಲಿಲ್ಲ. ಕೇಳಿದ ಹೆಸರನ್ನು ಅದೇ ವಠಾರದಲ್ಲಿ ಕಂಡು ಅಲ್ಲಿಗೇ ತೋರಿಸಿದ. ಪ್ರತಿ ಪ್ರಶ್ನೆಗೂ ಉತ್ತರ ಬರುತ್ತಿದ್ದುದರಿಂದ ಮೇಲಿನ ಪರದೆಗಳೆಲ್ಲ ಎಲ್ಲ ಸರಿಯಿದೆ ಎಂದು ಹಚ್ಚಹಸಿರಾಗಿ ಕಂಗೊಳಿಸುತ್ತಿದ್ದವು.

ಗೋಡೆ ಸವರದೆ ಆಕೆ ಮೆಟ್ಟಿಲು ಹತ್ತಿದ್ದನ್ನು ನಾನು ಕಂಡದ್ದು ಅದೊಂದೇ ಸಲ. ಹಿಂದೆಯೇ ಏದುಸಿರು ಬಿಡುತ್ತ ನಾನೂ ಹತ್ತಿದೆ. ಸುಳ್ಳು ಪೆಟ್ಟಿಗೆಯ ಹೆಸರನ್ನು ಅಳಿಸಿದಳು. ಆದರೆ ಕರೆಯ ಪೆಟ್ಟಿಗೆಗಳು ಕಾವಲುಗಾರನ ಹಳೆಯ ಉತ್ತರವನ್ನು ಇನ್ನೂ ಸ್ವಲ್ಪ ಹೊತ್ತು ಬಾಯಲ್ಲೇ ಇಟ್ಟುಕೊಂಡಿರುತ್ತವಂತೆ. "ಒಂದೊಂದನ್ನೇ ಕೆಡವಿ ಎಬ್ಬಿಸ್ಬೇಕು, ಆಗ ಹೊಸದಾಗಿ ಕೇಳ್ತವೆ" ಎಂದಳು. ಆಗತ್ತೆ ಸಾಹೇಬ ಬಾಗಿಲಲ್ಲಿ ನಿಂತು, "ನಡೀತಿರೋ ಕರೆ ಕಟ್ ಆಗತ್ತಮ್ಮ, ಮೇಲಿನವರ ಅನುಮತಿ ಬೇಕು" ಎಂದ.

"ಆಗ್ಲಿ ಸಾರ್. ಕಟ್ ಆದ್ರೆ ಇನ್ನೊಂದ್ಸಲ ಮಾಡ್ತಾರೆ" ಎಂದವಳೇ ಕೆಡವತೊಡಗಿದಳು. ನನ್ನ ಕಡೆ ತಿರುಗದೆಯೇ, "ಅಣ್ಣಾ, ನಿಮ್ಮ ಗಂಟಲು ಇದೆಯಲ್ಲ, ಹೋಗಿ" ಎಂದಳು.

ನಡುಮಹಡಿಯ ಹುಡುಗಿಯರು ಊಟದ ಮುಂಚಿನಿಂದ ಬಂದ ಕರೆಗಳ ವಿಳಾಸವನ್ನು ಪರದೆ ನೋಡಿ ಹೇಳಿದರು, ನಾನು ಅಲ್ಲಿನ ಕಿಟಕಿಯಿಂದ ಅಂಗಳಕ್ಕೆ ಕೂಗಿದೆ. ಜೀವಮಾನವಿಡೀ ಸರ್ಕಾರಗಳು ಬೀಳಲೆಂದು ಕೂಗಿದ ಗಂಟಲು; ಒಂದೂ ಬಿದ್ದಿರಲಿಲ್ಲ. ಅಂದು ಒಂದೊಂದು ಕೂಗಿಗೆ ಒಂದೊಂದು ಗಾಡಿ ಹೊರಟಿತು. ಬಸುರಿಯೊಬ್ಬಳು, ಏಣಿಯಿಂದ ಬಿದ್ದ ಬಣ್ಣದವನು, ಉಸಿರು ಕಟ್ಟಿದ ಮಗು, ಇವರಿಗೆಲ್ಲ ಗಾಡಿ ಸಿಕ್ಕಿತು. ಕೆಲಸದ ನಡುವೆ ಕುಸಿದ ಬೇಕರಿಯವನಿಗೆ ತಡವಾಯಿತು. ಮೀಸೆ ಚಾಲಕ ತಲುಪಿದಾಗ ಒಲೆಯ ಮುಂದೆಯೇ ಮಲಗಿಸಿದ್ದರು, ಬ್ರೆಡ್ಡು ಒಳಗೆ ಸೀದು ಹೋಗಿತ್ತು.

ವಿಚಾರಣೆಯಲ್ಲಿ ಇದನ್ನು ಸಣ್ಣ ಗೊಂದಲ ಎಂದರು. ಡಾಕ್ಟರು, ಬೇಗ ತಂದಿದ್ದರೂ ಉಳಿಯುತ್ತಿದ್ದನೆಂದು ಹೇಳಲಾಗುತ್ತಿರಲಿಲ್ಲ ಎಂದರು. ಬೇಕರಿಯವನ ಹೆಂಡತಿ ಯಾರನ್ನೂ ಬೈಯಲಿಲ್ಲ. ಹೊರಗಿನ ಬೆಂಚಿನಲ್ಲಿ ಪುಕ್ಕಲಕ್ಕನ ಪಕ್ಕ ಕೂತು, ಕಂಡವರಿಗೆಲ್ಲ ಹೇಳಿ ಸವೆದ ದನಿಯಲ್ಲಿ ಹೇಳಿದಳು: "ಪಕ್ಕದ ಮನೆಯವರು ವ್ಯಾನ್ ತಂದು ನಿಲ್ಲಿಸಿದ್ರು. ನಾನೇ ಬೇಡ ಅಂದೆ, ಆಂಬುಲೆನ್ಸ್ ಹೊರಟಿದೆಯಂತೆ ಅಂತ. ಮತ್ತೆ ಫೋನ್ ಮಾಡಿದ್ರೂ ಹೊರಟಿದೆ ಅಂದ್ರು. ಇಲ್ಲ ಅಂದುಬಿಟ್ಟಿದ್ರೆ ಹೊತ್ಕೊಂಡಾದ್ರೂ ಹೋಗ್ತಿದ್ದೆ ಕಣಮ್ಮ."

ಪುಕ್ಕಲಕ್ಕ ಕೋಟಿನ ಜೇಬಿನಿಂದ ಕೈ ತೆಗೆದು ಆ ಹೆಂಗಸಿನ ಕೈಮೇಲಿಟ್ಟಳು.

ಈಗ ಪೆಟ್ಟಿಗೆಗಳು ಪೂರ್ತಿ ಹೆಸರು ಹಿಡಿದೇ ಕೂಗುತ್ತವೆ. ಆಗತ್ತೆ ಸಾಹೇಬ ಬಡ್ತಿ ಪಡೆದು ಬೇರೆ ಊರಿಗೆ ಹೋದ. ಅಲ್ಲಿ ನೀರಿನದೋ ವಿದ್ಯುತ್ತಿನದೋ ಪೆಟ್ಟಿಗೆಗಳಿಗೆ ಒಡೆಯನಂತೆ. ಇಲ್ಲಿ ಪ್ರತಿದಿನ ಚಹಾದ ಹೊತ್ತಿಗೆ ಪುಕ್ಕಲಕ್ಕ ಅಂಗಳಕ್ಕಿಳಿದು, ತುರ್ತು ಸಂಖ್ಯೆ ಒತ್ತಿ, ಅಂಗಳಕ್ಕೇ ಗಾಡಿ ಕೇಳುತ್ತಾಳೆ. ಯಾರಾದರೊಬ್ಬ ಚಾಲಕನ ಫೋನು ಕಿರುಚಿ, ಅವನು ಇಂಜಿನ್ ಚಾಲೂ ಮಾಡಿ, ಚಕ್ರ ಒಂದು ಸುತ್ತು ಉರುಳುವವರೆಗೂ ಫೋನ್ ಇಡುವುದಿಲ್ಲ. ಹುಡುಗರು ಗೊಣಗುತ್ತಾರೆ, ಆದರೆ ನಗುವುದಿಲ್ಲ. ಚಕ್ರ ಉರುಳುವವರೆಗೆ ನಾನೂ ಲೋಟವನ್ನು ತುಟಿಗಿಡುವುದಿಲ್ಲ.

ಧೈರ್ಯವಂತರ ಹಾಡು ಕಟ್ಟಿ ಕಟ್ಟಿ ನಮ್ಮ ಚಳವಳಿಗಳ ಗಂಟಲು ಕಟ್ಟಿತು. ಈ ಜಾತಿಯ ಮನುಷ್ಯರಿಗೆ ನಾವು ಒಂದು ಸಾಲನ್ನೂ ಬರೆಯಲಿಲ್ಲ. ತಮ್ಮ ಜೀವಕ್ಕಾಗಿ ಹೆದರುವವರು ಓಡಿಹೋಗುತ್ತಾರೆ. ಪರರ ಜೀವಕ್ಕಾಗಿ ಹೆದರುವವರು ಓಡಲೂ ಆಗದೆ, ಮಲಗಲೂ ಆಗದೆ, ಎಲ್ಲ ಸರಿಯಿದೆ ಎಂದು ಲೋಕ ಕಾಲು ಚಾಚಿದ ಹೊತ್ತಿನಲ್ಲಿ ಬಾಗಿಲ ಬಳಿ ನಿಂತು ಹೂಂಗುಟ್ಟಿದವರು ಯಾರೆಂದು ಕೇಳುತ್ತಿರುತ್ತಾರೆ. ಅವರೊಡನೆ ಬಾಳುವುದು ಕಷ್ಟ, ಅತ್ತಿಗೆಯನ್ನು ಕೇಳಿ. ಆದರೆ ಇಂಥವರು ಯಾರೂ ಇಲ್ಲದ ಕಟ್ಟಡದಿಂದ ನಯವಾದ ದನಿಯೊಂದು ನನಗೆ ಧೈರ್ಯವಾಗಿರಿ ಎಂದರೆ, ಈ ವಯಸ್ಸಿನಲ್ಲೂ ನಾನು ಫೋನ್ ಕೆಳಗಿಟ್ಟು ಆಸ್ಪತ್ರೆಯ ಕಡೆ ನಡೆಯತೊಡಗುತ್ತೇನೆ.